ನಷ್ಟವಿಲ್ಲದ ನಾದ



ಕಳೆದ ಮಳೆಗಾಲದ ಒಂದು ದಿನ ಮಧ್ಯಾಹ್ನದ ಬಿಡುವಿನಲ್ಲಿ, ಒಂಬತ್ತನೆಯ ಇಯತ್ತೆಯ ಹುಡುಗನೊಬ್ಬನು ನಮ್ಮ ಬಳಿಗೆ ಬಂದು, "ಸರ್, ನಮ್ಮ ಅಣ್ಣನ ಮೊಬೈಲಿನಲ್ಲಿ ಹಾಡು ಹಚ್ಚಿದಾಗ ಕೆಳಗೆ 'ಲಾಸ್‌ಲೆಸ್' ಎಂದು ಬರುತ್ತದೆ. ಹಾಗೆಂದರೇನು?" ಎಂದು ಕೇಳಿದನು. 'ನಷ್ಟವಿಲ್ಲದ್ದು' ಎಂದು ಭಾಷಾಂತರಿಸಿ ಅವನನ್ನು ಕಳುಹಿಸಿದೆವು. ಬಾಗಿಲವರೆಗೆ ಹೋದ ಹುಡುಗನು ಹಿಂದಿರುಗಿ, "ಹಾಗಾದರೆ ಉಳಿದ ಹಾಡುಗಳಲ್ಲಿ ಏನು ನಷ್ಟವಾಗಿರುತ್ತದೆ, ಸರ್?" ಎಂದನು. ಸಂಧಿ ಸಮಾಸಗಳನ್ನು ಕಲಿಸಿಕೊಂಡಿರುವ ನಮ್ಮಲ್ಲಿ ಈ ಪ್ರಶ್ನೆಗೆ ಉತ್ತರವಿರಲಿಲ್ಲ. ಉತ್ತರವನ್ನು ಹುಡುಕುತ್ತ ಹೋಗಿ ನಾವು ತಿಳಿದುಕೊಂಡ ಸಂಗತಿಗಳನ್ನು ಆ ಹುಡುಗನಿಗೂ ಅವನಂತಹ ಜಿಜ್ಞಾಸುಗಳಿಗೂ ಇಲ್ಲಿ ಒಪ್ಪಿಸುತ್ತಿದ್ದೇವೆ.

ಇಂತಹ ವಿಷಯವನ್ನು ಪುಸ್ತಕದಿಂದ ಮಾತ್ರ ತಿಳಿಯಲಾಗದು, ಕಿವಿಯಿಂದಲೂ ತಿಳಿಯಬೇಕು. ಅದಕ್ಕೊಂದು ಸಂಗೀತ ಬೇಕಾಯಿತು. ನಮ್ಮಲ್ಲಿ ಹಿಂದೊಮ್ಮೆ ಫುಟ್‌ಪಾತಿನ ಅಂಗಡಿಯಲ್ಲಿ ಕೊಂಡಿದ್ದ ಹಳೆಯ ಸಿ.ಡಿ.ಯೊಂದಿತ್ತು. ಅದು ಐರ್ಲೆಂಡಿನ ಗಾಯಕಿ ಎನ್ಯಾ ಅವರ 'ವಾಟರ್‌ಮಾರ್ಕ್' ಎಂಬ ಆಲ್ಬಮ್. ಗದ್ದಲದ ಸಂಗೀತದಲ್ಲಿ ಸಣ್ಣ ಪುಟ್ಟ ನಷ್ಟಗಳು ಮುಚ್ಚಿಹೋಗುವುದುಂಟು. ಇದಾದರೋ ಮೆಲುದನಿಗಳಿಂದಲೂ ನಿಧಾನವಾಗಿ ಕರಗುವ ಅನುರಣನದಿಂದಲೂ ಕಟ್ಟಿದ ಸಂಗೀತ. ಆದುದರಿಂದ ನಮ್ಮ ಪರೀಕ್ಷೆಗೆ ಇದೇ ತಕ್ಕದ್ದೆಂದು ಆರಿಸಿಕೊಂಡೆವು.

ಮೊದಲು ಈ ಸಂಗೀತ ಹುಟ್ಟಿದ ನೆಲವನ್ನು ತಿಳಿಯೋಣ. ಐರ್ಲೆಂಡ್ ದ್ವೀಪದ ವಾಯವ್ಯ ಮೂಲೆಯಲ್ಲಿ ಡಾನೆಗಾಲ್ ಎಂಬ ಪ್ರಾಂತವಿದೆ. ಅಲ್ಲಿ ಅಟ್ಲಾಂಟಿಕ್ ಸಾಗರಕ್ಕೆ ಮುಖಮಾಡಿರುವ ಗ್ವೀಡೋರ್ ಎಂಬ ಪ್ರದೇಶವು, ಐರಿಷ್ ಭಾಷೆಯು ಇಂದಿಗೂ ಮನೆಮಾತಾಗಿ ಉಳಿದಿರುವ ಕೆಲವೇ ಸ್ಥಳಗಳಲ್ಲೊಂದು. ಕನ್ನಡ, ತುಳು, ತಮಿಳು, ತೆಲುಗುಗಳು ದ್ರಾವಿಡ ಕುಟುಂಬಕ್ಕೆ ಸೇರಿದಂತೆ, ಐರಿಷ್, ಸ್ಕಾಟ್ಲೆಂಡಿನ ಗೇಲಿಕ್, ವೇಲ್ಸಿನ ವೆಲ್ಷ್, ಫ್ರಾನ್ಸಿನ ಬ್ರಿಟನಿ ಪ್ರಾಂತದ ಬ್ರೆಟನ್ ಮೊದಲಾದವು ಕೆಲ್ಟಿಕ್ ಭಾಷೆಗಳೆನಿಸಿಕೊಳ್ಳುತ್ತವೆ. ಈ ನಾಡುಗಳ ಹಾಡಿನ ಮಟ್ಟುಗಳನ್ನೂ ವಾದ್ಯಗಳನ್ನೂ ಆಧರಿಸಿದ ಸಂಗೀತಕ್ಕೆ ಕೆಲ್ಟಿಕ್ ಸಂಗೀತವೆಂದು ಹೆಸರು. 'ಆಂಬಿಯೆಂಟ್' ಎಂದರೆ ಸುತ್ತುವರಿದದ್ದು. ೧೯೭೮ರಲ್ಲಿ ಇಂಗ್ಲೆಂಡಿನ ಬ್ರಯನ್ ಈನೊ ಎಂಬ ಸಂಗೀತಗಾರರು ಪ್ರಚಾರಕ್ಕೆ ತಂದ ಈ ಹೆಸರು, ತಾಳದ ಹೊಡೆತಕ್ಕಿಂತ ನಾದದ ವಾತಾವರಣಕ್ಕೆ ಹೆಚ್ಚು ಮಹತ್ವ ಕೊಡುವ ಸಂಗೀತಕ್ಕೆ ಸಲ್ಲುತ್ತದೆ. ಕೆಲ್ಟಿಕ್ ನೆಲದ ರಾಗಸ್ಮರಣೆಯೂ ಇಂತಹ ವಾತಾವರಣವೂ ಕೂಡಿದ ಸಂಗೀತ ಎನ್ಯಾ ಅವರದು.

ಎನ್ಯಾ ಹುಟ್ಟಿದ್ದು ೧೯೬೧ರಲ್ಲಿ, ಗ್ವೀಡೋರಿನ ಸಂಗೀತದ ಮನೆತನವೊಂದರಲ್ಲಿ. ಅವರ ಒಡಹುಟ್ಟಿದವರೂ ಸೋದರಮಾವಂದಿರೂ ಸೇರಿ 'ಕ್ಲಾನಡ್' ಎಂಬ ಮೇಳವನ್ನು ಕಟ್ಟಿದ್ದರು. ಎನ್ಯಾ ೧೯೮೦ರಲ್ಲಿ ಆ ಮೇಳವನ್ನು ಸೇರಿ, ೧೯೮೨ರಲ್ಲಿ ಅದರಿಂದ ಹೊರಬಂದರು. ಅಂದಿನಿಂದ ಅವರ ಜೊತೆಗೆ ದುಡಿದವರು ಇಬ್ಬರು: ಧ್ವನಿಮುದ್ರಣವನ್ನು ನೋಡಿಕೊಳ್ಳುತ್ತಿದ್ದ ನಿಕಿ ರಯನ್, ಹಾಡುಗಳನ್ನು ಬರೆಯುವ ಅವರ ಪತ್ನಿ ರೋಮಾ ರಯನ್. ೧೯೮೭ರಲ್ಲಿ ಬಿ.ಬಿ.ಸಿ.ಯವರ 'ದಿ ಕೆಲ್ಟ್ಸ್' ಎಂಬ ದೂರದರ್ಶನ ಮಾಲಿಕೆಗೆ ಮಾಡಿದ ಸಂಗೀತದಿಂದ ಎನ್ಯಾ ಹೆಸರಾದರು. ೧೯೮೮ರ ಸೆಪ್ಟೆಂಬರದಲ್ಲಿ 'ವಾಟರ್‌ಮಾರ್ಕ್' ಹೊರಬಂದಿತು. ಅದರಲ್ಲಿನ 'ಒರಿನೋಕೋ ಫ್ಲೋ' ಎಂಬ ಹಾಡು ಆ ವರ್ಷದ ಅಕ್ಟೋಬರದಲ್ಲಿ ಬ್ರಿಟನ್ನಿನ ಪಟ್ಟಿಯಲ್ಲಿ ಮೊದಲನೆಯ ಸ್ಥಾನವನ್ನು ಪಡೆಯಿತು. ಒರಿನೋಕೋ ಎಂಬುದು ದಕ್ಷಿಣ ಅಮೇರಿಕದ ಮಹಾನದಿ. ಈ ಆಲ್ಬಮಿನ ಕೆಲಸ ನಡೆದ ಲಂಡನ್ನಿನ ಸ್ಟುಡಿಯೋದ ಹೆಸರೂ ಅದೇ.

ಈ ಸಂಗೀತದಲ್ಲಿ ಗಮನಿಸತಕ್ಕ ವಿಶೇಷವೊಂದುಂಟು. ಅದನ್ನು ಕೇಳುವಾಗ ದೊಡ್ಡದೊಂದು ಗುಂಪು ಹಾಡುತ್ತಿರುವಂತೆ ತೋರುತ್ತದೆ. ಆದರೆ ಅದು ಒಬ್ಬರದೇ ಕಂಠ! ಎನ್ಯಾ ಒಂದು ಸಾಲನ್ನು ಹಾಡಿ ಮುದ್ರಿಸುತ್ತಾರೆ. ಅದನ್ನು ಕೇಳುತ್ತ ಅದೇ ಸಾಲನ್ನು ಮತ್ತೆ ಹಾಡುತ್ತಾರೆ, ಮತ್ತೊಮ್ಮೆ ಬೇರೆ ಸ್ಥಾಯಿಯಲ್ಲಿ ಹಾಡುತ್ತಾರೆ. ಹೀಗೆ ಹತ್ತಾರು ಪದರಗಳು, ಕೆಲವೆಡೆ ಇನ್ನೂ ಹೆಚ್ಚು, ಒಂದರ ಮೇಲೊಂದು ಕೂಡುತ್ತವೆ. ಒಮ್ಮೆ ಹಾಡಿದ್ದನ್ನೇ ಯಂತ್ರದಿಂದ ನೂರು ಸಲ ನಕಲು ಮಾಡಿ ಕೂಡಿಸಿದರೆ ಸಾಲದೇ ಎಂದು ನೀವು ಕೇಳಬಹುದು. ಸಾಲದು. ಹಾಗೆ ಮಾಡಿದರೆ ಧ್ವನಿಯು ಜೋರಾಗುವುದೇ ಹೊರತು ಅಗಲವಾಗುವುದಿಲ್ಲ. ಭಜನೆಯಲ್ಲಿ ಇಪ್ಪತ್ತು ಜನರು ಒಂದೇ ಸೊಲ್ಲನ್ನು ಹೇಳುವಾಗ ಎಲ್ಲರೂ ಕೂದಲೆಳೆಯಷ್ಟೂ ಹಿಂದುಮುಂದಾಗದೆ ಹೇಳುವುದಿಲ್ಲವಷ್ಟೆ. ಆ ಅಲ್ಪ ವ್ಯತ್ಯಾಸಗಳಿಂದಲೇ ಗುಂಪಿನ ದನಿಗೆ ಮೈ ಬರುತ್ತದೆ. ಎನ್ಯಾ ಅವರ ಸಂಗೀತದ ಚೆಲುವು ಇಂತಹ ಅತಿ ಸೂಕ್ಷ್ಮವಾದ ವ್ಯತ್ಯಾಸಗಳಲ್ಲಿಯೂ, ದನಿ ನಿಂತ ಮೇಲೆ ಉಳಿಯುವ ಅನುರಣನದ ಬಾಲದಲ್ಲಿಯೂ ಇದೆ.

ಇನ್ನು ನಾದವು ಯಂತ್ರದೊಳಗೆ ಹೇಗೆ ಸೇರುತ್ತದೆಂಬುದನ್ನು ನೋಡೋಣ. ನಾದವೆಂದರೆ ಗಾಳಿಯ ಕಂಪನ. ಕಂಪನದ ಎತ್ತರವನ್ನು ಅತಿ ಬೇಗಬೇಗನೆ ಅಳೆದು ಅಂಕಿಗಳಾಗಿ ಬರೆದಿಡುವುದೇ ಡಿಜಿಟಲ್ ಮುದ್ರಣ. ೧೯೮೨ರಲ್ಲಿ ಮಾರುಕಟ್ಟೆಗೆ ಬಂದ ಸಿ.ಡಿ.ಯಲ್ಲಿ ಒಂದು ಸೆಕೆಂಡಿಗೆ ೪೪,೧೦೦ ಸಲ ಅಳತೆ ತೆಗೆಯುತ್ತಾರೆ. ಪ್ರತಿಯೊಂದು ಅಳತೆಯನ್ನೂ ೬೫,೫೩೬ ಮೆಟ್ಟಿಲುಗಳಲ್ಲಿ ಒಂದೆಂದು ಗುರುತಿಸುತ್ತಾರೆ. ಮನುಷ್ಯನ ಕಿವಿಗೆ ಸೆಕೆಂಡಿಗೆ ಸುಮಾರು ೨೦ರಿಂದ ೨೦,೦೦೦ದವರೆಗಿನ ಕಂಪನಗಳು ಮಾತ್ರ ಕೇಳಿಸುತ್ತವೆ. ಒಂದು ಕಂಪನವನ್ನು ಸರಿಯಾಗಿ ಹಿಡಿಯಲು ಅದರ ಎರಡರಷ್ಟಕ್ಕಿಂತ ಹೆಚ್ಚು ಸಲ ಅಳೆಯಬೇಕೆಂಬುದು ಗಣಿತದ ನಿಯಮ. ೪೪,೧೦೦ ಎಂಬ ಸಂಖ್ಯೆಯ ಮರ್ಮ ಇದೇ. ಎಡ ಬಲ ಎರಡೂ ಕಿವಿಗಳ ಅಂಕಿಗಳನ್ನು ಕೂಡಿಸಿದರೆ ಸೆಕೆಂಡಿಗೆ ೧೪,೧೧,೨೦೦ ಬಿಟ್‌ಗಳಾಗುತ್ತವೆ. ಸುಮಾರು ೪೦ ನಿಮಿಷಗಳ ಈ ಆಲ್ಬಮಿಗೆ ೪೨೦ ಮೆಗಾಬೈಟಿನಷ್ಟು ಸ್ಥಳ ಬೇಕು.

ಹಿಂದೆ ಇದು ಬಹಳ ದೊಡ್ಡ ಹೊರೆಯಾಗಿತ್ತು. ಆದುದರಿಂದ ಜರ್ಮನಿಯ ಫ್ರಾನ್‌ಹೋಫರ್ ಸಂಸ್ಥೆಯ ಕಾರ್ಲ್‌ಹೈಂಟ್ಸ್ ಬ್ರಾಂಡೆನ್‌ಬುರ್ಗ್ ಮೊದಲಾದ ವಿಜ್ಞಾನಿಗಳು ಒಂದು ಜಾಣ ಉಪಾಯವನ್ನು ರೂಪಿಸಿದರು. ಅದೇ ಇಂದು ಮನೆಮಾತಾಗಿರುವ ಎಂಪಿ-೩. ಆ ಹೆಸರು ನಿಶ್ಚಯವಾದದ್ದು ೧೯೯೫ರಲ್ಲಿ. ಲೋಕಲ್ ರೈಲು ಪಕ್ಕದಲ್ಲಿ ಹಾದುಹೋಗುವಾಗ ಗೆಳೆಯನ ಮಾತು ನಿಮಗೆ ಕೇಳಿಸುವುದಿಲ್ಲ ಸರಿಯಷ್ಟೆ? ಹಾಗೆಯೇ ಸಂಗೀತದಲ್ಲಿಯೂ ಜೋರಾದ ಸ್ವರವೊಂದು ತನ್ನ ನೆರೆಯ ಮೆಲ್ಲನೆಯ ಸ್ವರಗಳನ್ನು ಮರೆಮಾಡುತ್ತದೆ. ಹೇಗೂ ಕೇಳಿಸದಿರುವ ಆ ಸ್ವರಗಳನ್ನು ಪೂರ್ಣವಾಗಿ ಏಕೆ ಬರೆದಿಡಬೇಕು? ಎಂಪಿ-೩ ಇಂತಹ ಅಂಶಗಳನ್ನು ಬಿಟ್ಟುಬಿಡುತ್ತದೆ, ಇಲ್ಲವೆ ಒರಟಾಗಿ ಬರೆಯುತ್ತದೆ. ಸೆಕೆಂಡಿಗೆ ೧೨೮ ಕಿಲೋಬಿಟ್‌ಗಳ ಎಂಪಿ-೩ಯಲ್ಲಿ ಹಾಡು ಮೂಲದ ಹನ್ನೊಂದರಲ್ಲೊಂದು ಪಾಲಿಗೆ ಇಳಿಯುತ್ತದೆ. ಈ ಉಪಾಯವನ್ನು ತಿದ್ದುವಾಗ ಆ ವಿಜ್ಞಾನಿಗಳನ್ನು ಬಹಳವಾಗಿ ಕಾಡಿದ್ದು ವಾದ್ಯವೃಂದದ ಆರ್ಭಟವಾಗಿರಲಿಲ್ಲ. ಅಮೇರಿಕದ ಸುಜಾನ್ ವೇಗಾ ವಾದ್ಯವಿಲ್ಲದೆ ಹಾಡಿದ 'ಟಾಮ್ಸ್ ಡೈನರ್' ಎಂಬ ಹಾಡಿನ ಒಂಟಿ ದನಿಯು ಮೊದಮೊದಲು ಕೆಟ್ಟು ಕೇಳಿಸಿತಂತೆ. ಅಡಗಿಕೊಳ್ಳಲು ಮರೆಯಿಲ್ಲದ ಕಡೆ ತಪ್ಪು ಬೇಗ ಬಯಲಾಗುತ್ತದೆ.

ಲಾಸ್‌ಲೆಸ್ ಉಪಾಯವು ಇದಕ್ಕಿಂತ ಭಿನ್ನವಾದುದು. ಪೆಟ್ಟಿಗೆಯಲ್ಲಿ ಆರು ಗಜದ ಸೀರೆಯನ್ನು ಹಿಡಿಸಬೇಕೆನ್ನಿ. ಒಳಗಿನ ಸುತ್ತಿನಲ್ಲಿ ಯಾರಿಗೂ ಕಾಣದೆಂದು ಒಂದಿಷ್ಟು ಬಟ್ಟೆಯನ್ನು ಕತ್ತರಿಸಿ ಇಡುವುದು ಒಂದು ದಾರಿ, ಅದು ಎಂಪಿ-೩. ಅಚ್ಚುಕಟ್ಟಾಗಿ ಮಡಿಸಿ ಇಡುವುದು ಇನ್ನೊಂದು ದಾರಿ; ಅದು ಲಾಸ್‌ಲೆಸ್. ಮಡಿಕೆಯನ್ನು ಬಿಚ್ಚಿದರೆ ಸೆರಗು, ಅಂಚು, ಒಡಲು ಎಲ್ಲವೂ ಇದ್ದಂತೆಯೇ ಇರುತ್ತವೆ. ಇದರ ಪೈಕಿ ಪ್ರಸಿದ್ಧವಾದುದು ೨೦೦೧ರಲ್ಲಿ ಜಾಷ್ ಕೋಲ್ಸನ್ ಅವರು ಹೊರತಂದ 'ಫ್ಲ್ಯಾಕ್'. ಇದನ್ನು ಯಾರು ಬೇಕಾದರೂ ಹಣ ಕೊಡದೆ ಬಳಸಬಹುದು.

ಅಂಕಿಗಳನ್ನು ಮಡಿಸುವುದು ಹೇಗೆ? ೫೦೧, ೫೦೩, ೫೦೪, ೫೦೬ ಎಂಬ ನಾಲ್ಕು ಅಳತೆಗಳಿವೆಯೆನ್ನಿ. ಇವನ್ನು ಹಾಗೆಯೇ ಬರೆಯಲು ಹನ್ನೆರಡು ಅಂಕೆಗಳು ಬೇಕು. '೫೦೧, ಅನಂತರ ೨, ೧, ೨ ಹೆಚ್ಚು' ಎಂದು ಬರೆದರೆ ಆರು ಅಂಕೆಗಳು ಸಾಕು, ಮೂಲವನ್ನು ಒಂದಿಷ್ಟೂ ತಪ್ಪದೆ ಮರಳಿ ಪಡೆಯಬಹುದು. ಫ್ಲ್ಯಾಕ್ ಇದಕ್ಕಿಂತ ಜಾಣತನದಿಂದ, ಹಿಂದಿನ ಅಂಕಿಗಳನ್ನು ನೋಡಿ ಮುಂದಿನದನ್ನು ಊಹಿಸಿ, ಊಹೆಗೂ ನಿಜಕ್ಕೂ ಇರುವ ಅಂತರವನ್ನು ಮಾತ್ರ ಬರೆದಿಡುತ್ತದೆ. ಇದರಿಂದ ಹಾಡು ಸಾಮಾನ್ಯವಾಗಿ ಮೂಲದ ಅರ್ಧದಿಂದ ಮೂರರಲ್ಲೆರಡು ಪಾಲಿಗೆ ಇಳಿಯುತ್ತದೆ. ಹನ್ನೊಂದರಲ್ಲೊಂದು ಪಾಲಿಗೆ ಇಳಿಯದು. ಏನನ್ನೂ ಬಿಡಬಾರದೆಂದರೆ ಸ್ಥಳದ ಬೆಲೆಯನ್ನು ತೆರಲೇಬೇಕು.

ಇಷ್ಟನ್ನು ಓದಿಕೊಂಡು ನಾವು ಒಂದು ಶನಿವಾರ ತರಗತಿಯಲ್ಲಿ ಪರೀಕ್ಷೆಗೆ ಇಳಿದೆವು. ಕಿಟಕಿಗಳನ್ನು ಮುಚ್ಚಿ, ಒಬ್ಬೊಬ್ಬರಿಗೇ ಹೆಡ್‌ಫೋನ್ ಕೊಟ್ಟು, 'ವಾಟರ್‌ಮಾರ್ಕ್'ನ ಒಂದೇ ಭಾಗವನ್ನು ಎರಡು ಬಗೆಯಲ್ಲಿ ಕೇಳಿಸಿದೆವು. ಯಾವುದು ಯಾವುದೆಂದು ಹೇಳಲಿಲ್ಲ. ೬೪ ಕಿಲೋಬಿಟ್‌ಗಳ ಎಂಪಿ-೩ಯನ್ನು ಬಹುಮಂದಿ ಗುರುತಿಸಿದರು. "ದನಿ ನಿಂತ ಮೇಲೆ ಅದರ ಬಾಲ ತುಂಡಾಗುತ್ತದೆ" ಎಂದು ಹುಡುಗಿಯೊಬ್ಬಳು ಹೇಳಿದಳು. ಆದರೆ ೩೨೦ ಕಿಲೋಬಿಟ್‌ಗಳ ಎಂಪಿ-೩ಯನ್ನೂ ಫ್ಲ್ಯಾಕನ್ನೂ ಎದುರುಬದುರಾಗಿ ಇಟ್ಟಾಗ ಮಕ್ಕಳ ಉತ್ತರವು ನಾಣ್ಯ ಚಿಮ್ಮಿದಂತೆ ಆಯಿತು. ಸ್ವತಃ ನಾವೂ ಹತ್ತರಲ್ಲಿ ಐದು ಸಲ ಮಾತ್ರ ಸರಿಯಾಗಿ ಹೇಳಿದೆವು. ಸತ್ಯವನ್ನು ಮುಚ್ಚಿಡಬಾರದು. ಉತ್ತಮವಾಗಿ ಮಾಡಿದ ಎಂಪಿ-೩ಯನ್ನು ಮೂಲದಿಂದ ಬೇರ್ಪಡಿಸುವುದು ಬಹುಪಾಲು ಕಿವಿಗಳಿಗೆ ಸಾಧ್ಯವಿಲ್ಲ. ಲಾಸ್‌ಲೆಸ್ ಎಂಬ ಹೆಸರಿದ್ದ ಮಾತ್ರಕ್ಕೆ ಕೆಟ್ಟ ಮುದ್ರಣವು ಒಳ್ಳೆಯದಾಗದು. ಎಂಪಿ-೩ಯನ್ನು ಫ್ಲ್ಯಾಕಾಗಿ ಬದಲಿಸಿದರೆ ಹೋದದ್ದು ಮರಳಿ ಬಾರದು. ಕತ್ತರಿಸಿದ ಸೀರೆಯನ್ನು ಎಷ್ಟು ಚೆನ್ನಾಗಿ ಮಡಿಸಿದರೂ ಅದು ಆರು ಗಜವಾದೀತೇ?

"ಹಾಗಾದರೆ ಲಾಸ್‌ಲೆಸ್ಸಿನಿಂದ ಏನು ಪ್ರಯೋಜನ, ಸರ್?" ಎಂದು, ಮೊದಲು ಪ್ರಶ್ನೆ ಕೇಳಿದ್ದ ಹುಡುಗನೇ ಮತ್ತೆ ಕೇಳಿದನು. ಅವನ ಪ್ರಶ್ನೆಯಿಂದಲೇ ಎರಡನೆಯ ಪರೀಕ್ಷೆ ಹುಟ್ಟಿತು. ಆಲ್ಬಮಿನ ಒಂದು ಹಾಡನ್ನು ೧೨೮ ಕಿಲೋಬಿಟ್‌ಗಳ ಎಂಪಿ-೩ಯಾಗಿ ಮಾಡಿದೆವು. ಅದನ್ನು ಬಿಚ್ಚಿ, ಅದರಿಂದ ಇನ್ನೊಂದು ಎಂಪಿ-೩ ಮಾಡಿದೆವು, ಅದರಿಂದ ಮತ್ತೊಂದು. ಹೀಗೆ ಇಪ್ಪತ್ತು ಸಲ. ಫೈಲನ್ನು ಇದ್ದಂತೆಯೇ ನಕಲು ಮಾಡಿದರೆ ಎಂಪಿ-೩ಯೂ ಸವೆಯುವುದಿಲ್ಲ. ಬಿಚ್ಚಿ ಮತ್ತೆ ಕಟ್ಟಿದಾಗ ಮಾತ್ರ ಪ್ರತಿ ಸಲವೂ ಹೊಸದಾಗಿ ಏನನ್ನೋ ಬಿಡುತ್ತದೆ. ಮೊದಲನೆಯ ಪ್ರತಿಗೂ ಎರಡನೆಯದಕ್ಕೂ ಭೇದ ತಿಳಿಯಲಿಲ್ಲ. ಎರಡನೆಯದಕ್ಕೂ ಮೂರನೆಯದಕ್ಕೂ ತಿಳಿಯಲಿಲ್ಲ. ಆದರೆ ಮೊದಲನೆಯದನ್ನು ಕೇಳಿದ ಕೂಡಲೆ ಇಪ್ಪತ್ತನೆಯದನ್ನು ಕೇಳಿಸಿದಾಗ ಮಕ್ಕಳು ಹೆಡ್‌ಫೋನನ್ನು ತೆಗೆದು ನಮ್ಮ ಮುಖವನ್ನು ನೋಡಿದರು. ಪದರಪದರವಾಗಿದ್ದ ಕಂಠವು ನೀರಿನೊಳಗಿಂದ ಬಂದಂತೆ ಕಲಸಿಹೋಗಿತ್ತು. ಫ್ಲ್ಯಾಕನ್ನು ಹೀಗೆಯೇ ಇಪ್ಪತ್ತು ಸಲ ಬಿಚ್ಚಿ ಕಟ್ಟಿ ಮೂಲದೊಡನೆ ಹೋಲಿಸಿದಾಗ ಒಂದು ಅಂಕಿಯೂ ವ್ಯತ್ಯಾಸವಾಗಿರಲಿಲ್ಲ.

ಹೀಗೆ ಪ್ರತಿಯಿಂದ ಪ್ರತಿಗೆ ಆಗುವ ಹಾನಿಗೆ ಧ್ವನಿಮುದ್ರಣದವರು 'ತಲೆಮಾರಿನ ನಷ್ಟ' ಎಂದೇ ಹೆಸರಿಟ್ಟಿದ್ದಾರೆ. ನಮ್ಮ ಹುಡುಗನ ಪ್ರಶ್ನೆಗೆ ಉತ್ತರ ಇಲ್ಲಿದೆ. ಒಮ್ಮೆ ಕೇಳಿ ಸಂತೋಷಪಡುವುದಕ್ಕೆ ಎಂಪಿ-೩ ಸಾಕು. ಮುಂದಿನವರ ಕೈಗೆ ದಾಟಿಸುವುದಕ್ಕೆ ಲಾಸ್‌ಲೆಸ್ ಬೇಕು. ಈ ಹೊತ್ತು ಯಾರಿಗೂ ಕೇಳಿಸದೆಂದು ಬಿಟ್ಟದ್ದು, ಕೆಲವು ತಲೆಮಾರುಗಳ ಮೇಲೆ ಎಲ್ಲರಿಗೂ ಕೇಳಿಸುವಂತಹ ಕೊರತೆಯಾಗುತ್ತದೆ.

ಈಗ ಆಲ್ಬಮನ್ನು ಕೇಳುವ ಬಗೆಯನ್ನು ಹೇಳುತ್ತೇವೆ. ರೈಲಿನಲ್ಲಿ, ಬಸ್ಸಿನಲ್ಲಿ ಇದನ್ನು ಕೇಳಬೇಡಿ. ಹೊರಗಿನ ಸದ್ದನ್ನು ಗೆಲ್ಲಲು ನೀವು ದನಿಯನ್ನು ಏರಿಸುವಿರಿ. ವಾರಕ್ಕೆ ೪೦ ಗಂಟೆಗಳವರೆಗೆ ೮೦ ಡೆಸಿಬೆಲ್ಲನ್ನು ಮೀರಬಾರದೆಂದು ವಿಶ್ವ ಆರೋಗ್ಯ ಸಂಸ್ಥೆಯು ತಿಳಿಸಿದೆ. ಒಮ್ಮೆ ಕೆಟ್ಟ ಒಳಕಿವಿಯ ರೋಮಕೋಶಗಳು ಮರಳಿ ಬೆಳೆಯುವುದಿಲ್ಲ. ರಾತ್ರಿ ಚಾಳಿನ ಗದ್ದಲ ಅಡಗಿದ ಮೇಲೆ, ಸಾಧ್ಯವಾದರೆ ತಂತಿಯಿರುವ ಹೆಡ್‌ಫೋನಿನಿಂದ ಕೇಳಿರಿ. ತಂತಿಯಿಲ್ಲದ ಬ್ಲೂಟೂತ್ ಸಾಮಾನ್ಯವಾಗಿ ಹಾಡನ್ನು ಮತ್ತೊಮ್ಮೆ ಕುಗ್ಗಿಸಿ ಕಳುಹಿಸುತ್ತದೆ. ಆಲ್ಬಮಿನ ಹೆಸರನ್ನೇ ಹೊತ್ತ ಮೊದಲನೆಯ ರಚನೆಯಲ್ಲಿ ಪಿಯಾನೋ ಸ್ವರವೊಂದನ್ನು ಹಿಡಿದು, ಅದು ಪೂರ್ತಿ ಕರಗುವವರೆಗೆ ಹಿಂಬಾಲಿಸಿರಿ. 'ಒರಿನೋಕೋ ಫ್ಲೋ'ದಲ್ಲಿ ತಂತಿ ಮೀಟಿದಂತಹ ಸ್ವರಗಳ ಹಿಂದೆ ಎಷ್ಟು ಕಂಠಗಳಿವೆಯೆಂದು ಎಣಿಸಲು ಯತ್ನಿಸಿರಿ. 'ಮಿಸ್ ಕ್ಲೇರ್ ರಿಮೆಂಬರ್ಸ್' ಎಂಬುದು ಮಾತಿಲ್ಲದ ಪುಟ್ಟ ರಚನೆ. ೧೯೬೨ರಲ್ಲಿ ಬಂದ ಇಂಗ್ಲಿಷ್ ಕಾದಂಬರಿಯೊಂದರ ಹೆಸರೂ ಅದೇ. ಅದರ ನಾಯಕಿ ಹಳ್ಳಿಯ ಶಾಲೆಯ ವೃದ್ಧ ಶಿಕ್ಷಕಿ. ಈ ರಚನೆಯ ಮೇಲೆ ನಮಗೆ ಒಂದಿಷ್ಟು ಪಕ್ಷಪಾತವಿದ್ದರೆ ನೀವು ಕ್ಷಮಿಸಬೇಕು.

ಕಡೆಯ ಹಾಡು ಐರಿಷ್ ಭಾಷೆಯದು. ಅದರ ಹೆಸರಿಗೆ 'ನನ್ನ ಎಳವೆಯ ಬೆಳಕಿನ ದಿನಗಳು' ಎಂದು ಅರ್ಥ. ಅದರಲ್ಲಿ ಡೇವಿ ಸ್ಪಿಲೇನ್ ಎಂಬವರು ನುಡಿಸಿರುವ ಐರ್ಲೆಂಡಿನ ಪೈಪ್ ವಾದ್ಯವನ್ನು ಕೇಳಬಹುದು. ಈ ವಾದ್ಯದ ತಿದಿಯನ್ನು ಬಾಯಿಂದ ಊದದೆ ಮೊಳಕೈಯಿಂದ ಒತ್ತುತ್ತಾರೆ.

ಆ ಭಾಷೆಯ ಕಥೆಯೂ ತಲೆಮಾರಿನ ನಷ್ಟದ ಕಥೆಯೇ. ೧೮೪೫ರಲ್ಲಿ ಐರ್ಲೆಂಡಿನ ಆಲೂಗಡ್ಡೆಯ ಬೆಳೆಗೆ ರೋಗ ತಗುಲಿ ಘೋರವಾದ ಕ್ಷಾಮ ಬಂದಿತು. ಸುಮಾರು ಹತ್ತು ಲಕ್ಷ ಜನರು ಸತ್ತರು. ಅದಕ್ಕಿಂತ ಹೆಚ್ಚು ಜನರು ಹೊಟ್ಟೆಪಾಡಿಗಾಗಿ ಕಡಲು ದಾಟಿದರು. ಐರಿಷ್ ಆಡುತ್ತಿದ್ದ ಬಡವರೇ ಹೆಚ್ಚು ನೊಂದರು. ಪರಸ್ಥಳದಲ್ಲಿ ಕೂಲಿ ಸಿಗಬೇಕಾದರೆ ಇಂಗ್ಲಿಷ್ ಬೇಕೆಂದು ತಂದೆತಾಯಿಗಳು ಮಕ್ಕಳೊಡನೆ ತಮ್ಮ ಭಾಷೆಯನ್ನು ಆಡುವುದನ್ನು ಬಿಡುತ್ತ ಬಂದರು. ಅವರನ್ನು ದೂರುವ ಹಕ್ಕು ಯಾರಿಗೂ ಇಲ್ಲ. ೧೯೩೭ರ ಸಂವಿಧಾನವು ಐರಿಷ್ ಭಾಷೆಯನ್ನು ಆ ದೇಶದ ಮೊದಲನೆಯ ಅಧಿಕೃತ ಭಾಷೆಯೆಂದು ಸಾರಿತು; ಶಾಲೆಗಳಲ್ಲಿ ಅದನ್ನು ಕಲಿಸುತ್ತಾರೆ. ೨೦೨೨ರ ಜನಗಣತಿಯಲ್ಲಿ ೧೮ ಲಕ್ಷಕ್ಕೂ ಹೆಚ್ಚು ಮಂದಿ ತಮಗೆ ಐರಿಷ್ ಬರುತ್ತದೆಂದು ಹೇಳಿದರು. ಆದರೆ ಶಾಲೆಯ ಹೊರಗೆ ಅದನ್ನು ದಿನವೂ ಆಡುವವರು ಸುಮಾರು ೭೨,೦೦೦ ಮಂದಿ.

ಈ ಅಂಕಿಗಳನ್ನು ಓದುವಾಗ ನಮಗೆ ನಮ್ಮ ತರಗತಿಯ ಉಕ್ತಲೇಖನದ ಪುಸ್ತಕಗಳು ನೆನಪಾದವು. 'ರೈತನ ಬೆಳೆ' ಎಂದು ಹೇಳಿದರೆ ಈ ವರ್ಷ ಹನ್ನೊಂದು ಮಂದಿ 'ರೈತನ ಬೇಳೆ' ಎಂದು ಬರೆದಿದ್ದರು. 'ಕೊಡು' ಎಂಬುದು 'ಕೋಡು' ಆಗಿತ್ತು. ಇದು ನಿಮ್ಮ ಅಲಕ್ಷ್ಯವೆಂದು ಬಹುಕಾಲ ಸಿಟ್ಟಾಗುತ್ತಿದ್ದೆವು. ಆದರೆ ನಮ್ಮ ಸುತ್ತಲಿನ ಮರಾಠಿ ಹಿಂದಿಗಳ ಲಿಪಿಯಲ್ಲಿ ಎ-ಏ, ಒ-ಓ ಎಂಬ ಹ್ರಸ್ವ ದೀರ್ಘ ಭೇದವಿಲ್ಲ. ಆ ಭಾಷೆಗಳಿಗೆ ಅದು ಬೇಕಾಗಿಯೂ ಇಲ್ಲ. ಹಗಲೆಲ್ಲ ಅವುಗಳ ನಡುವೆ ಬಾಳುವ ಕಿವಿಯು ಆ ಭೇದವನ್ನು ಬೇಡವಾದದ್ದೆಂದು ಮೆಲ್ಲನೆ ಬಿಟ್ಟುಬಿಡುತ್ತದೆ. ಕನ್ನಡಕ್ಕಾದರೋ ಅದಿಲ್ಲದೆ ನಡೆಯದು. ಗದ್ದೆಯಲ್ಲಿರುವುದು ಬೆಳೆ, ಡಬ್ಬಿಯಲ್ಲಿರುವುದು ಬೇಳೆ.

ನಿಮ್ಮನ್ನು ಮಾತ್ರ ಹೇಳಿ ನಮ್ಮನ್ನು ಬಿಡುವುದು ನ್ಯಾಯವಲ್ಲ. ದೀಪಾವಳಿಗೆ ವಿಜಯಪುರದ ಕಡೆಯ ನಮ್ಮ ಹಳ್ಳಿಗೆ ಹೋದಾಗ ನಮ್ಮ ಅಕ್ಕ ರೊಟ್ಟಿ ಬಡಿಯುತ್ತಿದ್ದವರು ಕೈ ನಿಲ್ಲಿಸಿ, "ತಮ್ಮಾ, ನಿನ್ನ ಮಾತಿನ್ಯಾಗ ಊರ ಸಪ್ಪಳನ ಉಳಿದಿಲ್ಲಲ್ಲೋ" ಎಂದರು. ಅವರು ನಗುತ್ತಲೇ ಅಂದರು. ನಮಗೆ ನಗು ಬರಲಿಲ್ಲ. ಯಾವ ದಿನ, ಯಾವ ಸ್ವರ ಹೋಯಿತೆಂಬುದು ನಮಗೆ ತಿಳಿದೇ ಇರಲಿಲ್ಲ. ಅಂದು ಸಂಜೆ ಅಕ್ಕನ ಬಾಯಲ್ಲಿ ಊರಿನ ಸುದ್ದಿಗಳನ್ನು, ಎರಡು ಬೀಸುಕಲ್ಲಿನ ಪದಗಳನ್ನು ಮೊಬೈಲಿನಲ್ಲಿ ಮುದ್ರಿಸಿಕೊಂಡೆವು. ಅದನ್ನು ಫ್ಲ್ಯಾಕಿನಲ್ಲಿಯೇ ಇಟ್ಟಿದ್ದೇವೆ.

ಈ ಬೇಸಗೆಯ ರಜೆಗೆ ನಿಮಗೆ ನಾವು ಕೊಡುವ ಗೃಹಪಾಠವೂ ಇದೇ. ನಿಮ್ಮ ಅಜ್ಜಿಯವರನ್ನೋ, ಊರಿನ ಹಿರಿಯರನ್ನೋ ಶಾಂತವಾದ ಜಾಗದಲ್ಲಿ ಕೂರಿಸಿ, ಹತ್ತು ನಿಮಿಷ ಅವರ ಮಾತನ್ನು ಮುದ್ರಿಸಿಕೊಳ್ಳಿರಿ. ಮುದ್ರಿಸುವ ಮೊದಲು ಮೊಬೈಲಿನ ಮುದ್ರಣದ ಆ್ಯಪಿನಲ್ಲಿ ಫ್ಲ್ಯಾಕ್ ಅಥವಾ ವೇವ್ ಎಂಬುದನ್ನು ಆರಿಸಿರಿ, ಎರಡೂ ನಷ್ಟವಿಲ್ಲದವು. ಅನಂತರ 'ವಾಟರ್‌ಮಾರ್ಕ್'ಅನ್ನು ಕೇಳಿದಂತೆಯೇ, ರಾತ್ರಿಯ ಶಾಂತಿಯಲ್ಲಿ ಅದನ್ನು ಕೇಳುತ್ತ, ಅವರು ಆಡಿದ ಎ-ಏ, ಒ-ಓಗಳನ್ನು ಒಂದು ಹಾಳೆಯಲ್ಲಿ ಬೇರೆ ಬೇರೆಯಾಗಿ ಬರೆಯಿರಿ. ಜೂನಿನಲ್ಲಿ ಶಾಲೆ ತೆರೆದ ಮೊದಲನೆಯ ಶನಿವಾರ ಆ ಹಾಳೆಗಳನ್ನು ತರಗತಿಯಲ್ಲಿ ಕೂಡಿ ನೋಡೋಣ. ನಮ್ಮ ಹಾಳೆಯನ್ನು ನೀವು ತಿದ್ದಬೇಕು.